ಓಗೊಡುವ ಬಂಡೆ

ನೀರ್ಕೋಡ್ಲದ ಅಳಿವೆಯ ಬಾಯಲ್ಲಿ, ಕಡಲಿಗೆ ಮುಖಮಾಡಿ ನಿಂತಿರುವ ಕರಿಯ ಬಂಡೆಗೆ ಓಗೊಡುವ ಬಂಡೆ ಎಂದು ಹೆಸರು. ಈಗ ಅಲ್ಲಿಗೆ ಮೆಟ್ಟಿಲುಗಳಾಗಿವೆ, ಸುತ್ತ ಕಬ್ಬಿಣದ ಕಟಕಟೆ ಬಂದಿದೆ. ಯಾರೋ ಪುಣ್ಯಾತ್ಮರು ಒಂದು ಹಲಗೆ ನೆಟ್ಟು, ಇಲ್ಲಿ ಕೂಗಿದರೆ ಪ್ರತಿಧ್ವನಿ ಬರುವುದರಿಂದ ಈ ಹೆಸರು ಬಂತು ಎಂದು ಬರೆಸಿದ್ದಾರೆ. ಬಂದವರೆಲ್ಲ ಗಂಟಲು ಹರಿಯುವಂತೆ ಕೂಗಿ, ಏನೂ ಕೇಳಿಸದೆ, ಊರವರನ್ನೇ ಬೈದುಕೊಂಡು ಹೋಗುತ್ತಾರೆ. ಪ್ರತಿಧ್ವನಿಯೂ ಇಲ್ಲ, ಮಣ್ಣೂ ಇಲ್ಲ. ಹಲಗೆ ಬರೆಸುವ ಮುಂಚೆ ಕೇರಿಯ ಒಬ್ಬ ಮುದುಕಿಯನ್ನಾದರೂ ಕೇಳಬಹುದಿತ್ತು. ನಾನು ಕೇಳಿದ್ದೇನೆ, ಕೇಳಿದ್ದನ್ನೇ ಬರೆಯುತ್ತಿದ್ದೇನೆ.

ಹಿಂದೆ ಒಮ್ಮೆ, ದೊಡ್ಡ ಯುದ್ಧದ ಕಾಲದಲ್ಲಿ, ಈ ಮೀನುಗಾರರ ಕೇರಿಯಿಂದ ಇಬ್ಬರು ಸರಕಿನ ಹಡಗೊಂದಕ್ಕೆ ಖಲಾಸಿಗಳಾಗಿ ಸೇರಿದ್ದರು. ಒಬ್ಬ, ಮಂಕಾಳಿ ಎಂಬವಳ ಗಂಡ ಜಟ್ಟು. ಇನ್ನೊಬ್ಬ, ಕೇರಿಯ ಯಜಮಾನ ದುರ್ಗಯ್ಯನ ಒಬ್ಬನೇ ಮಗ ಹಮ್ಮಣ್ಣ. ಹಡಗು ಹಳೆಯದು, ಕಲ್ಲಿದ್ದಲು ತಿಂದು ಓಡುವಂಥದು. ಶಾಂತಿಯ ಕಾಲವಾಗಿದ್ದರೆ ಗುಜರಿಗೆ ಹೋಗಬೇಕಾಗಿದ್ದ ಅದಕ್ಕೆ ಯುದ್ಧ ಮತ್ತೆ ಜೀವ ಕೊಟ್ಟಿತ್ತು. ಕರಾಚಿಯಲ್ಲಿ ಗೋಧಿ ತುಂಬಿಕೊಂಡು ಕೊಲಂಬೊ ಕಡೆಗೆ ಹೊರಟಿದ್ದಾಗ, ಆಷಾಢದ ಒಂದು ಬೆಳಗ್ಗೆ, ಸಬ್‌ಮರೀನೊಂದು ನೀರಿನಡಿಯಿಂದಲೇ ಹೊಡೆದು ಅದನ್ನು ಮುಳುಗಿಸಿತು. ಸುದ್ದಿ ಬಂದದ್ದು ಬಂದರಿಗೆ ಹೋಗಿದ್ದ ಉಪ್ಪಿನ ವ್ಯಾಪಾರಿಯ ಬಾಯಿಂದ. ಹಡಗು ಹೋಯಿತು, ಒಬ್ಬರೂ ಉಳಿದಿಲ್ಲವಂತೆ ಎಂದು ಅವನು ಹೇಳಿದ. ದುರ್ಗಯ್ಯ ಹೋಗಿ ಮಗನ ಹೆಸರಿನಲ್ಲಿ ಮಿಂದು ಬಂದ. ಮಂಕಾಳಿ ಮೀಯಲಿಲ್ಲ. "ಹೆಣ ಕಾಣದೆ ನಾ ಬಳೆ ಒಡೆಯೂದಿಲ್ಲ" ಎಂದು ಹೊಸ್ತಿಲಲ್ಲೇ ಕೂತುಬಿಟ್ಟಳು. ಒಳಗೆ ಹಾಲು ಕುಡಿಯುವ ಕೂಸಿತ್ತು. ಅಲ್ಲಿಂದ ಮುಂದೆ ಬಾಗಿಲು ಅಲುಗಿದರೂ ಎದ್ದು ಹೋಗಿ ನೋಡುತ್ತಿದ್ದಳು.

ಆಗ ಕೇರಿಯಲ್ಲಿ ಒಂದು ಕಟ್ಟಳೆ ಇತ್ತು. ಕಡಲ ಕಡೆಯಿಂದ ಯಾರಾದರೂ ಹೆಸರು ಹಿಡಿದು ಕರೆದರೆ, ಮೂರನೆಯ ಕರೆ ಕೇಳುವವರೆಗೆ ಓಗೊಡಬಾರದು. ನೀರುಪಾಲಾದವರು ಎರಡೇ ಸಲ ಕರೆಯುತ್ತಾರೆ, ಓ ಎಂದವರನ್ನು ತಮ್ಮ ಜೊತೆಗೆ ಒಯ್ಯುತ್ತಾರೆ, ಮೂರನೆಯ ಸಲ ಕರೆಯುವ ತಾಕತ್ತು ಬದುಕಿದವರಿಗೆ ಮಾತ್ರ ಎನ್ನುತ್ತಿದ್ದರು. ಅದರಲ್ಲೂ ಆಷಾಢದಲ್ಲಿ ದೋಣಿಗಳೆಲ್ಲ ದಡ ಹತ್ತಿ ತೆಂಗಿನ ಗರಿ ಹೆಣೆದ ಮಡಲಿನಡಿ ಮಲಗಿರುತ್ತವೆ. ಆ ಕಾಲದಲ್ಲಿ ನೀರಿನ ಮೇಲಿಂದ ಕರೆಯುವವರು ಯಾರೆಂದು ಯಾರಿಗೂ ಬಿಡಿಸಿ ಹೇಳಬೇಕಾಗಿರಲಿಲ್ಲ.

ಸುದ್ದಿ ಬಂದ ಮೇಲೆ ಒಂದು ಮಧ್ಯಾಹ್ನ, ತೆರೆ ತಂದುಹಾಕಿದ ಸೌದೆ ಆಯಲು ಮಂಕಾಳಿಯೂ ಉಳಿದ ಹೆಂಗಸರೂ ಬಂಡೆಯ ಬುಡಕ್ಕೆ ಹೋಗಿದ್ದರು. ದುರ್ಗಯ್ಯನೂ ಅಲ್ಲೇ ಕಂಬಳಿ ಹೊದ್ದು ನಿಂತಿದ್ದ. ಮಳೆ ಎಷ್ಟು ದಟ್ಟವಾಗಿತ್ತೆಂದರೆ ಚಾಚಿದ ಕೈ ಕಾಣುತ್ತಿರಲಿಲ್ಲ. ಆ ಮಳೆಯೊಳಗಿಂದ "ಮಂಕಾಳೀ" ಎಂಬ ಕರೆ ಬಂತು. ಜಟ್ಟುವಿನದೇ ದನಿ. ಸೌದೆ ಬಿಸುಟು ಎದ್ದವಳ ರಟ್ಟೆಯನ್ನು ದುರ್ಗಯ್ಯ ಗಟ್ಟಿಯಾಗಿ ಹಿಡಿದ. "ಬಾಯಿ ಮುಚ್ಚಿಕಂಡಿರು. ಅಂವ ಈಗ ನಿನ್ನ ಗಂಡ ಅಲ್ಲ. ಮನೇಲಿ ಕೂಸಿದೆ" ಎಂದ. ಎರಡನೆಯ ಕರೆ ಬಂತು, ಮೊದಲಿನದಕ್ಕಿಂತ ಸೊರಗಿತ್ತು. ಆಮೇಲೆ ಮಳೆಯ ಸದ್ದು ಬಿಟ್ಟರೆ ಬೇರೇನೂ ಇಲ್ಲ. ಎಲ್ಲರೂ ಮೂರನೆಯದಕ್ಕೆ ಕಾದರು. ಅದು ಬರಲೇ ಇಲ್ಲ. "ನೋಡು, ನಾ ಹೇಳಲಿಲ್ವಾ" ಎಂದ ದುರ್ಗಯ್ಯ. ತನ್ನನ್ನೂ ಯಾರಾದರೂ ಅಪ್ಪಾ ಎಂದು ಕರೆದಾರೆಂಬ ಭಯ, ಕರೆಯಲಿಲ್ಲವಲ್ಲ ಎಂಬ ಸಂಕಟ, ಎರಡೂ ಅವನಿಗಿತ್ತು. ಮಂಕಾಳಿಯ ಲೆಕ್ಕ ಬೇರೆ. ಓ ಎಂದು ತಾನು ಸತ್ತರೆ ಕೂಸು ತಬ್ಬಲಿ. ಸುಮ್ಮನಿದ್ದು, ಕರೆದವನು ಬದುಕಿದ್ದವನೇ ಆಗಿದ್ದರೆ, ಕೊಂದವಳು ತಾನೇ. ಅವಳು ರಟ್ಟೆ ಕೊಸರಿಕೊಂಡು, ಜಾರುವ ಬಂಡೆಯನ್ನು ಕೈಕಾಲಲ್ಲಿ ಹತ್ತಿ, ತುದಿಯಲ್ಲಿ ನಿಂತು "ಓ" ಎಂದಳು. ಸಾವು ಬಂದೀತೆಂದು ಕಣ್ಣು ಮುಚ್ಚಿಕೊಂಡೇ ಮತ್ತೆ ಮತ್ತೆ ಓ ಎನ್ನುತ್ತಲೇ ಇದ್ದಳು.

ಆ ದನಿ ಹಿಡಿದೇ ಹಡಗಿನ ಸಣ್ಣ ದೋಣಿಯೊಂದು ಕಲ್ಲುಗಳನ್ನು ತಪ್ಪಿಸಿಕೊಂಡು ಬಂಡೆಯ ಮರೆಗೆ ಬಂತು. ಮಳೆನೀರು ಕುಡಿದು ಜೀವ ಹಿಡಿದಿದ್ದ ಬೇರೆ ಬೇರೆ ಊರಿನ ಖಲಾಸಿಗಳು ಅದರಲ್ಲಿ ಒಬ್ಬರ ಮೇಲೊಬ್ಬರು ಬಿದ್ದಿದ್ದರು. ಚುಕ್ಕಾಣಿ ಹಿಡಿದಿದ್ದವನು, ಕಲ್ಲಿಗೆ ಬಡಿಯುವ ತೆರೆಯ ಸದ್ದಿನಲ್ಲೇ ತನ್ನೂರಿನ ಅಳಿವೆಯನ್ನು ಗುರುತಿಸಿದ್ದ ಜಟ್ಟು. ಮಂಕಾಳಿ ಅಳಲೂ ಇಲ್ಲ, ಅಪ್ಪಲೂ ಇಲ್ಲ, ಬೈದಳು. "ಮೂರನೇ ಸಲ ಕರೆಯೂಕೆ ನಿಂಗೇನು ಧಾಡಿ? ಊರ ಕಟ್ಟಳೆ ಮರೆತುಹೋಯ್ತಾ?" ಅವನು ತುಟಿ ಅಲುಗಿಸಿದ್ದು ಅವಳಿಗೆ ಕಿವಿ ಹಚ್ಚಿದ ಮೇಲೆ ಕೇಳಿತು. "ಮರೀಲಿಲ್ಲ. ದನಿ ಎರಡಕ್ಕೇ ಮುಗಿದುಹೋಯ್ತು."

ಅಷ್ಟರಲ್ಲಿ ಎದೆಮಟ್ಟದ ನೀರಿಗಿಳಿದಿದ್ದ ದುರ್ಗಯ್ಯ ದೋಣಿಯಲ್ಲಿದ್ದವರ ಗಲ್ಲ ಹಿಡಿದೆತ್ತಿ ಒಬ್ಬೊಬ್ಬರ ಮುಖವನ್ನೂ ನೋಡುತ್ತಿದ್ದ. ಹಮ್ಮಣ್ಣ ಇರಲಿಲ್ಲ. ಹಡಗಿಗೆ ಏಟು ಬಿದ್ದಾಗ ಅವನು ಕೆಳಗೆ ಒಲೆಗೆ ಕಲ್ಲಿದ್ದಲು ಹಾಕುತ್ತಿದ್ದನೆಂದು ಜಟ್ಟು ಸನ್ನೆಯಲ್ಲೇ ತಿಳಿಸಿದ. ಆ ತಿಂಗಳು ಕಳೆಯುವ ಮುಂಚೆ ದುರ್ಗಯ್ಯ ಕೇರಿಯವರನ್ನೆಲ್ಲ ಈ ಬಂಡೆಯ ಮೇಲೆ ಕೂಡಿಸಿ, ಇನ್ನು ಮುಂದೆ ಕಡಲಿಂದ ಬಂದ ಮೊದಲ ಕರೆಗೇ ಓಗೊಡಬೇಕೆಂದು ಕಟ್ಟಳೆ ಮಾಡಿದ. ಕರೆದದ್ದು ಸತ್ತವರಾಗಿದ್ದರೆ ಎಂದು ಯಾರೋ ಅಂಜುತ್ತಲೇ ಕೇಳಿದರು. "ಆಗಿದ್ರೆ ಏನಾಯ್ತು? ಅವರಲ್ಲಿ ನನ್ನ ಮಗನೂ ಇದ್ದಾನೆ" ಎಂದನಂತೆ ದುರ್ಗಯ್ಯ.

ಹಲಗೆ ಓದಿ ಕೂಗಿ ಬೇಸತ್ತವರು ಸ್ವಲ್ಪ ಹೊತ್ತು ಸುಮ್ಮನೆ ಕೂತರೆ ಈಗಲೂ ಕಾಣಬಹುದು. ಬಂಡೆಯ ಮೇಲೆ ಬಲೆ ಹೆಣೆಯುವ ಹೆಂಗಸರಿರುತ್ತಾರೆ, ಹರಟೆ ಜೋರಾಗಿರುತ್ತದೆ. ಕಡಲ ಕಡೆಯಿಂದ ಒಂದು ದನಿ ಬಂದರೆ ಸಾಕು, ಯಾರ ಹೆಸರು ಎಂದೂ ಕೇಳದೆ ಎಲ್ಲರೂ ಒಟ್ಟಿಗೆ ಓ ಎನ್ನುತ್ತಾರೆ. ಕರೆದವರು ಯಾರೆಂದು ತಲೆಯೆತ್ತಿ ನೋಡುವುದು ಆಮೇಲೆ.