ಆಮೆ ಸಾಲ ಮಾಡಿ ಕೊಂಡ ಚಿಪ್ಪು

“ಈ ಕೆರೆ ಬೊಗಸೆಯಷ್ಟಿದ್ದಾಗ ಬೆನ್ನ ಮೇಲೆ ಹೊತ್ತು ತಂದು ಇಲ್ಲಿಟ್ಟವನು ನಾನೇ,” ಎಂದಿತು ಮುದಿ ಆಮೆ. ಅಲ್ಲವೆನ್ನಲು ಆ ಕಾಲದ ಒಂದು ಕಪ್ಪೆಯೂ ಉಳಿದಿರಲಿಲ್ಲ.

ಕೇಳುತ್ತಿದ್ದ ಬಸುರಿ ಅಳಿಲಿಗೆ ಮಾತ್ರ ಮರಿ ಹಾಕಲು ಮರದ ಪೊಟರೆಯದೇ ಚಿಂತೆ. ಪೊಟರೆ ಮಾರುವ ಹೆಗ್ಗಣ ಅಳಿಲನ್ನು ಪುಸಲಾಯಿಸುತ್ತಿತ್ತು: “ಪೊಟರೆಗೆ ನೂರು ಬಾದಾಮಿ. ನಿನ್ನಲ್ಲಿಲ್ಲದಿದ್ದರೆ ತಿಂಗಳಿಗೆ ಒಂದೇ ಒಂದು ಕೊಡವ್ವ, ಇಪ್ಪತ್ತು ವರ್ಷ. ಒಂದು ಬಾದಾಮಿ ನಿನಗೆ ಯಾವ ಲೆಕ್ಕ?”

ಅಳಿಲು ಒಪ್ಪಿಗೆಯ ಕೈ ಚಾಚಿತು.

“ತಡಿ ಮಗಳೇ,” ಎಂದಿತು ಆಮೆ. “ಇವನ ಮುತ್ತಜ್ಜನಿಂದ ಈ ಚಿಪ್ಪನ್ನು ನಾನು ಕೊಂಡದ್ದೂ ಹೀಗೇ, ನೂರು ಬಾದಾಮಿಗೇ. ಹತ್ತು ವರ್ಷ ತಪ್ಪದೆ ನೂರಿಪ್ಪತ್ತು ಬಾದಾಮಿ ಕೊಟ್ಟೆ. ಆಮೇಲೂ ಎಪ್ಪತ್ತನಾಲ್ಕು ಬಾಕಿ ಎಂದ! ಕೊಟ್ಟದ್ದರಲ್ಲಿ ಬಹುಪಾಲು ಬಡ್ಡಿಯೇ ತಿಂದಿತ್ತು. ಬೆನ್ನಿಗೆ ಬಂದದ್ದು ಒಂದೇ ಚಿಪ್ಪು, ಇಪ್ಪತ್ತು ವರ್ಷ ಮುಗಿಯುವಷ್ಟರಲ್ಲಿ ತೆತ್ತದ್ದು ಎರಡು ಚಿಪ್ಪಿನ ಬೆಲೆಗಿಂತ ಹೆಚ್ಚು.”

ಎಂಥ ಜೀವ, ಎಷ್ಟು ಕಂಡಿದೆ ಎಂದು ಅಳಿಲಿನ ಎದೆ ತುಂಬಿ ಬಂತು. ಅದು ಹೆಗ್ಗಣದ ಕಡೆ ತಿರುಗಿ, “ಮಾವಾ, ತಿಂಗಳದ್ದು ಬಿಡು. ಒಟ್ಟು ಎಷ್ಟಾಗುತ್ತೆ?” ಎಂದು ಕೇಳಿತು.

“ಇನ್ನೂರ ನಲವತ್ತು,” ಎಂದು ಹೆಗ್ಗಣ ಮೀಸೆಯೊಳಗೇ ಗೊಣಗಿತು.

“ಹಾಗಾದರೆ ಈ ಸಲದ ಮರಿಗಳಿಗೆ ನಾರಿನ ಗೂಡೇ ಸಾಕು. ಬೆಲೆಯ ಅರ್ಧದಷ್ಟಾದರೂ ಕೂಡಿಟ್ಟುಕೊಂಡು ಬರುತ್ತೇನೆ,” ಎಂದು ಅಳಿಲು ಕೈ ಹಿಂತೆಗೆಯಿತು. ಹೆಗ್ಗಣ ಬಿಲ ಸೇರಿತು.

ಎರಡು ಹೆಜ್ಜೆ ಹೋದ ಅಳಿಲು ತಟ್ಟನೆ ನಿಂತಿತು. “ಅಲ್ಲಜ್ಜಾ, ಆಮೆಗಳು ಮೊಟ್ಟೆಯಿಂದ ಬರುವಾಗಲೇ ಚಿಪ್ಪು ಹೊತ್ತು ಬರುತ್ತವಲ್ಲ?”

ಆಮೆ ಕತ್ತನ್ನು ಅರ್ಧ ಒಳಗೆಳೆದುಕೊಂಡಿತು. “ಬರುತ್ತವೆ. ಅದಕ್ಕೇನೀಗ, ಲೆಕ್ಕ ತಪ್ಪಿತ್ತೇ?”