ಸಿಂಗಾರಜ್ಜಿಯ ಬೈಗುಳದ ಪಾಲು

ಲೋಕ ಆಗಿನ್ನೂ ಹೊಸದು, ಮಗಾ. ಹೊಳೆಗೆ ಯಾವ ಕಡೆ ಹರಿಯಬೇಕೆಂದೇ ಗೊತ್ತಿರಲಿಲ್ಲ. ದಾರಿಯಲ್ಲಿ ಸಿಕ್ಕವರನ್ನೆಲ್ಲ ಕೇಳಿಕೊಂಡು ಹೋಗುತ್ತಿತ್ತು.

ಆಗ ಹರಟೆಮಲ್ಲ ಹಕ್ಕಿಗಳು ಮಾತೇ ಆಡುತ್ತಿರಲಿಲ್ಲ. ಅದೇ, ನಮ್ಮ ಬೇಲಿ ಕೆಳಗೆ ತರಗೆಲೆ ಕೆದಕುತ್ತಾವಲ್ಲ, ಮಣ್ಣಿನ ಬಣ್ಣದವು, ಅವೇ. ಮಾತಾಡಲು ಬಿಡಬೇಕಲ್ಲ, ಅವರಜ್ಜಿ ಸಿಂಗಾರಜ್ಜಿ! ಬೆಳಗಿನಿಂದ ಸಂಜೆವರೆಗೆ ಅವಳದೇ ಬೈಗುಳ. "ಎದ್ದೇಳ್ರೋ. ರೆಕ್ಕೆ ಕೊಡವು. ಮೇಲೆ ಗಿಡುಗ ಬಂತು ನೋಡು. ಹುಳದ ಜೊತೆ ಆಟ ಆಡ್ಬೇಡ, ತಿನ್ನು." ಏಳು ಮೊಮ್ಮಕ್ಕಳು ತಲೆ ತಗ್ಗಿಸಿ ಕೇಳುತ್ತಿದ್ದರು.

ಒಂದು ದಿನ ಅಜ್ಜಿ ಬೈಯುತ್ತ ಬೈಯುತ್ತ, ಅರ್ಧ ಬೈಗುಳದಲ್ಲೇ ತೀರಿಕೊಂಡಳು.

ಮರುದಿನ ಯಾರೂ ಏಳಲಿಲ್ಲ. ಎಬ್ಬಿಸಿ ಬೈಯುವವರೇ ಇಲ್ಲ, ಏಳುವುದು ಹೇಗೆ? ಎಲ್ಲರಿಗಿಂತ ಕಿರಿಯವಳು ಚಿಟ್ಟಿಯಂತೂ ಒಂದು ಹುಳವನ್ನೂ ಮುಟ್ಟಲಿಲ್ಲ. ಅವಳ ರೆಕ್ಕೆ ಜೋತುಬಿತ್ತು. ಹೀಗೇ ಬಿಟ್ಟರೆ ಇವಳೂ ಅಜ್ಜಿಯ ಹಿಂದೆಯೇ ಹೋಗುತ್ತಾಳೆಂದು ಉಳಿದವರಿಗೆ ಭಯವಾಯಿತು.

ಮೂರನೇ ದಿನ ಅಜ್ಜಿಗೆ ಎಡೆ ಇಟ್ಟರು. ಕಾಗೆ ಮುಟ್ಟಿದರೆ ಅಜ್ಜಿಗೆ ತೃಪ್ತಿಯಾಯಿತೆಂದು ಅರ್ಥ. ಕಾಗೆ ಬಂತು, ನೋಡಿತು, ಕತ್ತು ತಿರುಗಿಸಿ ಕೂತಿತು.

"ಅಜ್ಜಿಗೆ ಏನೋ ಆಸೆ ಉಳಿದಿದೆ" ಎಂದಿತು ಗಾಳಿ. ಗಾಳಿಗೆ ಎಲ್ಲರ ಮನೆ ವಿಷಯವೂ ಬೇಕು.

ಹಿರಿಯಣ್ಣ ರೆಕ್ಕೆ ಮುಗಿದ. "ಅಜ್ಜೀ, ನಾವು ಜಗಳ ಆಡಲ್ಲ." ಕಾಗೆ ಮುಟ್ಟಲಿಲ್ಲ. "ದಿನಾ ಸ್ನಾನ ಮಾಡ್ತೀವಿ." ಮುಟ್ಟಲಿಲ್ಲ. "ನೀನು ಹೇಳಿದ್ದೆಲ್ಲ ಕೇಳ್ತೀವಿ." ಕಾಗೆ ಆಕಳಿಸಿತು.

ಮೂಲೆಯಲ್ಲಿ ಮುದುಡಿ ಕೂತಿದ್ದ ಚಿಟ್ಟಿಗೆ ರೇಗಿಹೋಯಿತು. "ಏನು ಮುಖ ನೋಡ್ತಾ ಕೂತಿದ್ದೀಯ? ಎಲ್ಲಾ ಆರಿಹೋಯ್ತು. ತಿನ್ನು ಅಂದ್ರೆ ತಿನ್ನಬೇಕು!"

ಅದೇ ಅಜ್ಜಿಯ ದನಿ, ಅದೇ ರಾಗ. ಕಾಗೆ ಬೆದರಿ ಗಬಗಬ ತಿಂದಿತು.

ಎಲ್ಲರೂ ಚಿಟ್ಟಿಯನ್ನೇ ನೋಡಿದರು. ಹಿರಿಯಣ್ಣನಿಗೆ ನಗುವೂ ಬಂತು, ಅಳುವೂ ಬಂತು. ಒಂದು ಹುಳ ತಂದು ಅವಳ ಮುಂದಿಟ್ಟು ಗದರಿದ: "ಹುಳದ ಜೊತೆ ಆಟ ಆಡ್ಬೇಡ, ತಿನ್ನು." ಚಿಟ್ಟಿ ತಿಂದಳು.

ಅಜ್ಜಿ ಬಿಟ್ಟುಹೋದ ಆಸ್ತಿ ಅಂದರೆ ಬೈಗುಳವೊಂದೇ. ಅದನ್ನೇ ಏಳು ಜನ ಪಾಲು ಮಾಡಿಕೊಂಡರು. ಗಿಡುಗದ ಬೈಗುಳ ಒಬ್ಬನಿಗೆ, ರೆಕ್ಕೆಯದು ಇನ್ನೊಬ್ಬಳಿಗೆ. ಅರ್ಧಕ್ಕೆ ನಿಂತ ಆ ಕೊನೆಯ ಬೈಗುಳ ಮಾತ್ರ ತನಗೇ ಬೇಕೆಂದು ಚಿಟ್ಟಿ ಹಟ ಹಿಡಿದು ಇಸಿದುಕೊಂಡಳು.

ಅದಕ್ಕೇ ಇವತ್ತಿಗೂ ಹರಟೆಮಲ್ಲಗಳು ನಮ್ಮ ಬೇಲಿ ಕೆಳಗೆ ಗುಂಪಾಗಿ ಕುಪ್ಪಳಿಸುತ್ತ ಒಂದನ್ನೊಂದು ಬೈಯುತ್ತಲೇ ಇರುತ್ತವೆ, ಒಂದೂ ಮುನಿಸಿಕೊಂಡು ಹಾರಿಹೋಗುವುದಿಲ್ಲ. ನೀನೂ ಮುಖ ಊದಿಸಬೇಡ. "ಒದ್ದೆ ತಲೇಲಿ ಅಂಗಳಕ್ಕೆ ಹೋಗ್ಬೇಡ" ಅಂತ ಬೆಳಿಗ್ಗೆ ಗದರಿದೆನಲ್ಲ, ಅದು ನನ್ನದಲ್ಲ. ಹೋದ ವರ್ಷ ನಿಮ್ಮಜ್ಜ ಹೋದ ಮೇಲೆ ನನ್ನ ಪಾಲಿಗೆ ಬಂದದ್ದು.