ಮಣ್ಣಿಗೆ ಮರಳಿಸಿದ ಗೆಣಸಿನ ತಲೆ

ಶಿಷ್ಯನೊಬ್ಬ ಕೇಳಿದ: “ಗುರುಗಳೇ, ನನ್ನ ತಾತ ಬೆಟ್ಟದ ಜನರನ್ನು ಓಡಿಸಿ ಅವರ ನೆಲ ಹಿಡಿದ. ಅದು ಈಗ ನನ್ನ ಕೈಯಲ್ಲಿದೆ. ಹಿಂದಿರುಗಿಸು ಎಂದು ಮನಸ್ಸು ಹೇಳುತ್ತದೆ. ಆದರೆ ನೆಲ ಸಿಕ್ಕ ಮೇಲೆ ಅವರು ನನ್ನನ್ನೂ ಹಾಗೆಯೇ ಓಡಿಸಿದರೆ?”

ಗುರುಗಳು ಕತೆ ಹೇಳಿದರು.

ಒಬ್ಬ ತೋಟದ ಯಜಮಾನನಿದ್ದ. ಅವನದೂ ಇಂಥದೇ ನೆಲ, ಇಂಥದೇ ಭಯ. ಅವನ ಮನೆಯ ಮೆಟ್ಟಿಲ ಪಕ್ಕದಲ್ಲಿ ಪ್ರತಿ ಮಳೆಗಾಲಕ್ಕೂ ಒಂದು ಬಳ್ಳಿ ಏಳುತ್ತಿತ್ತು. ತಾತ ಅದನ್ನು ಕಳೆಯೆಂದು ಕತ್ತರಿಸಿದ, ಅಪ್ಪ ಕತ್ತರಿಸಿದ, ಇವನೂ ಕತ್ತರಿಸುತ್ತಿದ್ದ. ಎಷ್ಟು ಬೈಸಿಕೊಂಡರೂ ಮನೆ ಬಿಡದ ಸೊಸೆಯ ಹಾಗೆ ಅದು ಮತ್ತೆ ತಲೆಯೆತ್ತುತ್ತಿತ್ತು.

ಒಂದು ದಿನ ಬೆಟ್ಟದ ಮುದುಕಿಯೊಬ್ಬಳು ಅಂಗಳಕ್ಕೆ ಬಂದಳು. ಬೆಟ್ಟದವರನ್ನು ಓಡಿಸಿದಾಗ ಅವಳು ಸಣ್ಣ ಹುಡುಗಿ. ಬಳ್ಳಿಯನ್ನು ಕಂಡವಳೇ ಕೂತು, ಕೋಲಿನಿಂದ ಬುಡ ಅಗೆಯತೊಡಗಿದಳು.

“ಯಾರನ್ನು ಕೇಳಿ ಅಗೆಯುತ್ತೀಯಜ್ಜಿ?” ಎಂದ ಯಜಮಾನ.

“ನಿನ್ನ ತಾತ ಯಾರನ್ನು ಕೇಳಿ ಮೆಟ್ಟಿಲು ಕಟ್ಟಿದನಪ್ಪಾ? ಅತ್ತ ಸರಿ, ಬೇರಿನ ಮೇಲೆ ನಿಂತಿದ್ದೀಯ.”

ಅವನು ಸರಿದು ನಿಂತ. ಯಾಕೆ ಸರಿದೆನೆಂದು ಅವನಿಗೇ ತಿಳಿಯಲಿಲ್ಲ.

ಗುಂಡಿಯಿಂದ ತೋಳುದ್ದದ ಕಾಡುಗೆಣಸು ಬಂತು. ಮುದುಕಿ ಬಳ್ಳಿ ಅಂಟಿದ ತಲೆಯ ಭಾಗವನ್ನು ಕತ್ತರಿಸಿ ಗುಂಡಿಯಲ್ಲೇ ಇಟ್ಟಳು. ಮಣ್ಣೆಳೆದು, ಮಲಗಿದ ಕೂಸನ್ನು ತಟ್ಟಿದಂತೆ ತಟ್ಟಿದಳು.

“ಅದನ್ನೇಕೆ ಮತ್ತೆ ಹೂಳಿದೆ?”

“ತಲೆಯನ್ನು ಮಣ್ಣಿಗೆ ಕೊಡದೆ ನಮ್ಮವರು ಗುಂಡಿಯಿಂದ ಏಳುವುದಿಲ್ಲ. ಅದು ಮತ್ತೆ ಬೆಳೆಯಬೇಕಲ್ಲ. ನಿನ್ನ ತಾತನ ಆಳುಗಳು ದೊಣ್ಣೆ ಹಿಡಿದು ಬಂದ ದಿನ ನಮ್ಮವ್ವ ಇದೇ ಗುಂಡಿಯ ಮುಂದೆ ಕೂತಿದ್ದಳು. ಬೆನ್ನಿಗೆ ಏಟು ಬೀಳುತ್ತಿತ್ತು. ಬಾರವ್ವಾ, ಹೋಗೋಣ ಎಂದು ನಾನು ಅತ್ತೆ. ‘ತಡಿ, ನಾಳೆ ಇಲ್ಲಿ ಇರುವವರಿಗೂ ಹಸಿವಾಗುತ್ತದೆ’ ಎಂದಳು. ಗುಂಡಿ ಮುಚ್ಚಿಯೇ ಎದ್ದಳು.”

ನಾಳೆ ಇಲ್ಲಿ ಇರುವವರು. ಹಾಗೆಂದರೆ ತನ್ನ ತಾತ, ತನ್ನ ಅಪ್ಪ, ತಾನು. ಹುಟ್ಟಿದಂದಿನಿಂದ ತುಳಿದ ಅಂಗಳವನ್ನು ಯಜಮಾನ ಮೊದಲ ಸಲ ಕಂಡವನಂತೆ ನೋಡಿದ. ಮೆಲ್ಲಗೆ ಚಪ್ಪಲಿ ಕಳಚಿದ. ಮುದುಕಿ ಗೆಣಸನ್ನು ಎರಡಾಗಿ ಮುರಿದು ದೊಡ್ಡ ತುಂಡನ್ನು ಅವನ ಕೈಗಿಟ್ಟಳು.

“ಸುಟ್ಟು ತಿನ್ನು, ಹಸಿ ತಿಂದರೆ ಬಾಯಿ ತುರಿಸುತ್ತದೆ. ಅಷ್ಟೂ ಗೊತ್ತಿಲ್ಲ ನಿಮಗೆ” ಎಂದು ಹೊರಟಳು.

ಮರುದಿನವೇ ಅವನು ಆ ನೆಲವನ್ನು ಬೆಟ್ಟದವರ ಹೆಸರಿಗೆ ಬರೆದುಕೊಟ್ಟ.

ಶಿಷ್ಯ ಕೇಳಿದ: “ಆಮೇಲೆ ಅವರು ಅವನನ್ನು ಓಡಿಸಲಿಲ್ಲವೇ?”

ಗುರುಗಳೆಂದರು: “ಮಗು, ನಿನಗಿರುವ ಭಯ ಬೆಟ್ಟದವರು ಕೊಟ್ಟದ್ದಲ್ಲ, ನಿನ್ನ ತಾತ ಬಿಟ್ಟುಹೋದದ್ದು.”